ಲಾ ಬ್ರಿಯಾ ರಸ್ತೆಯ ಪುಟ್ಟ ನಟ

ಲಾಸ್ ಏಂಜಲಿಸ್ ನಗರದ ಹಾಲಿವುಡ್ ಭಾಗದಲ್ಲಿ, ಸನ್‌ಸೆಟ್ ಬೂಲವಾರ್ಡಿನಿಂದ ಲಾ ಬ್ರಿಯಾ ರಸ್ತೆಗೆ ತಿರುಗಿದೊಡನೆ ಪ್ರವಾಸಿಗೆ ಒಂದು ಅಚ್ಚರಿ ಕಾದಿರುತ್ತದೆ. ಮೋಟಾರುಗಳ ಗದ್ದಲದ ನಡುವೆ, ಇಂಗ್ಲೆಂಡಿನ ಯಾವುದೋ ಹಳ್ಳಿಯಿಂದ ಎತ್ತಿ ತಂದಿರಿಸಿದಂತೆ ಕಾಣುವ, ಇಳಿಜಾರು ಮಾಡಿನ ಮನೆಗಳ ಸಾಲು! ವಾಸ್ತವವಾಗಿ ಅವು ಮನೆಗಳಲ್ಲ. ನಿಂಬೆ, ಕಿತ್ತಳೆ, ಪೀಚ್ ಮರಗಳ ತೋಟವನ್ನು ಕೊಂಡು ಚಾರ್ಲಿ ಚಾಪ್ಲಿನ್ 1918ರ ಆರಂಭದಲ್ಲಿ ಕಟ್ಟಿ ಮುಗಿಸಿದ ಸ್ಟುಡಿಯೋ ಅದು. ಆತ 1953ರಲ್ಲಿ ಅದನ್ನು ಮಾರಿದ ಮೇಲೆ ಹಲವರ ಕೈ ಬದಲಾಯಿತು; 1969ರಲ್ಲಿ ನಗರವು ಅದನ್ನು ಐತಿಹಾಸಿಕ ಸ್ಮಾರಕವೆಂದು ಸಾರಿತು.

ಮೂಕಿ ಚಿತ್ರಗಳ ಕಾಲದ ಅತ್ಯಂತ ಪ್ರಸಿದ್ಧ ಬಾಲನಟ ಬೆಳಕಿಗೆ ಬಂದದ್ದು ಈ ಅಂಗಳದಲ್ಲಿಯೇ. ಆತನ ಹೆಸರು ಜಾಕಿ ಕೂಗನ್. ಹುಟ್ಟಿದ್ದು 1914ರಲ್ಲಿ, ಅದೇ ಊರಿನಲ್ಲಿ. ತಂದೆ ವಿನೋದ ರಂಗಭೂಮಿಯ ನರ್ತಕ. 1919ರಲ್ಲಿ ಆರ್ಫಿಯಂ ರಂಗಮಂದಿರದಲ್ಲಿ ತಂದೆಯ ಪ್ರದರ್ಶನದ ನಡುವೆ ಬಂದು ನಾಲ್ಕು ಹೆಜ್ಜೆ ಕುಣಿದ ಪೋರನನ್ನು ಚಾಪ್ಲಿನ್ ಕಂಡ. ಅದೇ ವರ್ಷದ ಜುಲೈನಲ್ಲಿ ಆತನ ಮೊದಲ ಮಗು, ಹುಟ್ಟಿದ ಮೂರೇ ದಿನಕ್ಕೆ, ತೀರಿಕೊಂಡಿತ್ತು. ಬೀದಿಯಲ್ಲಿ ಸಿಕ್ಕ ಅನಾಥ ಶಿಶುವನ್ನು ಅಲೆಮಾರಿಯೊಬ್ಬ ಸಾಕುವ ಕಥೆ ಆ ದುಃಖದಿಂದಲೇ ಹುಟ್ಟಿತೆಂದು ಊಹಿಸಿದವರು ಅನೇಕರು, ಊಹೆ ಅಸಂಗತವೇನಲ್ಲ.

'ದಿ ಕಿಡ್' 1921ರಲ್ಲಿ ತೆರೆ ಕಂಡಿತು. ಹುಡುಗ ಕಲ್ಲೆಸೆದು ಕಿಟಕಿಯ ಗಾಜು ಒಡೆಯುವುದು, ಹಿಂದೆಯೇ ಸಾಕುತಂದೆ ಹೊಸ ಗಾಜು ಹೊತ್ತು ಏನೂ ಅರಿಯದವನಂತೆ ಬರುವುದು – ನೋಡಿದವರು ಮರೆಯಲಾರರು. ಆದರೆ ಚಿತ್ರದ ಜೀವ ಇರುವುದು ಬೇರೆ ಕಡೆ. ಅನಾಥಾಲಯದವರು ಹುಡುಗನನ್ನು ಗಾಡಿಗೆ ಹಾಕಿಕೊಂಡು ಹೊರಡುತ್ತಾರೆ. ಅವನು ಕೈ ಚಾಚಿ ಗೋಳಿಡುತ್ತಾನೆ. ಅಲೆಮಾರಿ ಮಾಡಿನಿಂದ ಮಾಡಿಗೆ ಓಡಿ, ಗಾಡಿಗೆ ಧುಮುಕಿ, ಅವನನ್ನು ಅಪ್ಪಿಕೊಳ್ಳುತ್ತಾನೆ. ಆ ಕಣ್ಣೀರು ನಟನೆಯಲ್ಲ. ಅಳು ಬಾರದಿದ್ದಾಗ, ನಿಜವಾಗಿಯೂ ಅನಾಥರ ಆಶ್ರಮಕ್ಕೆ ಕಳುಹಿಸುವೆನೆಂದು ತಂದೆಯೇ ಮಗನನ್ನು ಹೆದರಿಸಿದನೆಂದು ಚಾಪ್ಲಿನ್ ಆತ್ಮಕಥೆಯಲ್ಲಿ ಬರೆದಿದ್ದಾನೆ.

ಆಮೇಲೆ ಕೀರ್ತಿ ಹೊಳೆಯಾಗಿ ಹರಿಯಿತು. 1922ರಲ್ಲಿ 'ಆಲಿವರ್ ಟ್ವಿಸ್ಟ್'. 1924ರಲ್ಲಿ ಸಮೀಪಪ್ರಾಚ್ಯದ ನಿರಾಶ್ರಿತ ಮಕ್ಕಳಿಗಾಗಿ ನೆರವು ಕೂಡಿಸುತ್ತ ಯೂರೋಪಿನ ಪ್ರವಾಸ. ಬಾಲಕ ದುಡಿದದ್ದು 30-40 ಲಕ್ಷ ಡಾಲರುಗಳೆಂದು ಅಂದಾಜು. 1935ರ ಮೇ ತಿಂಗಳಲ್ಲಿ ಕಾರು ಅಪಘಾತವಾಗಿ ತಂದೆ ತೀರಿಕೊಂಡ. ಕಾರಿನಲ್ಲಿದ್ದವರಲ್ಲಿ ಬದುಕುಳಿದವನು ಜಾಕಿಯೊಬ್ಬನೇ. ಇಪ್ಪತ್ತೊಂದು ತುಂಬಿದ ಮೇಲೆ ತನ್ನ ಹಣವೆಲ್ಲಿ ಎಂದು ಕೇಳಿದರೆ ಉತ್ತರವಿಲ್ಲ. 1938ರಲ್ಲಿ ಆತ ತಾಯಿಯ ಮೇಲೂ, ಆಕೆ ಮರುಮದುವೆಯಾಗಿದ್ದ ವ್ಯವಹಾರ ಮೇಲ್ವಿಚಾರಕನ ಮೇಲೂ ದಾವೆ ಹೂಡಬೇಕಾಯಿತು. ಅಪ್ರಾಪ್ತ ವಯಸ್ಸಿನ ಮಕ್ಕಳ ಸಂಪಾದನೆ ಹೆತ್ತವರದೇ ಎಂಬುದು ಅಂದಿನ ಕ್ಯಾಲಿಫೋರ್ನಿಯಾದ ಕಾನೂನು. ಕೊನೆಗೆ ಕೈಗೆ ಬಂದದ್ದು ಸುಮಾರು 1,26,000 ಡಾಲರು. ಕೈ ಬರಿದಾಗಿದ್ದ ದಿನಗಳಲ್ಲಿ ಸಹಾಯ ಬೇಡಿದಾಗ, ಹಿಂದುಮುಂದು ನೋಡದೆ 1,000 ಡಾಲರು ಕೊಟ್ಟವನು ಚಾಪ್ಲಿನ್.

ಎರಡನೆಯ ಮಹಾಯುದ್ಧದಲ್ಲಿ ಜಾಕಿ ಗ್ಲೈಡರ್ ಚಾಲಕನಾಗಿ ನಮ್ಮ ನಾಡಿನ ಈಶಾನ್ಯದ ಗಡಿಗೂ ಬಂದಿದ್ದ. 1944ರ ಮಾರ್ಚಿನಲ್ಲಿ ವಿಂಗೇಟನ ಸೈನಿಕರನ್ನು ಬರ್ಮಾದ ಕಾಡಿಗೆ ಇಳಿಸಿದವರಲ್ಲಿ ಆತನೊಬ್ಬ. 1964ರಲ್ಲಿ, ಬೋಳುತಲೆಯ ಅಂಕಲ್ ಫೆಸ್ಟರ್ ಆಗಿ 'ದಿ ಆಡಮ್ಸ್ ಫ್ಯಾಮಿಲಿ' ಎಂಬ ಟೆಲಿವಿಷನ್ ಹಾಸ್ಯಮಾಲಿಕೆಯಲ್ಲಿ ಮತ್ತೆ ಮನೆಮಾತಾದ. ಅದೇ ಪುಟ್ಟ ಜಾಕಿಯೆಂದು ಗುರುತಿಸಿದ ಮಕ್ಕಳು ಎಷ್ಟು ಮಂದಿಯೋ! 1984ರಲ್ಲಿ ನಿಧನನಾದ.

ದಾವೆಯ ಫಲವಾಗಿ 1939ರಲ್ಲಿ ಕ್ಯಾಲಿಫೋರ್ನಿಯಾ ಒಂದು ಶಾಸನ ಮಾಡಿತು. ಅದರಲ್ಲಿ ನುಸುಳಲು ಕಿಂಡಿಗಳು ಬೇಕಾದಷ್ಟಿದ್ದವು. 2000ದ ಜನವರಿಯಿಂದ ಜಾರಿಗೆ ಬಂದ ತಿದ್ದುಪಡಿಯಂತೆ ಬಾಲನಟರ ಸಂಪಾದನೆ ಅವರದೇ ಆಸ್ತಿ. ಅದರಲ್ಲಿ ನೂರಕ್ಕೆ 15 ಭಾಗವನ್ನು ಅವರು ಪ್ರಾಪ್ತ ವಯಸ್ಕರಾಗುವವರೆಗೆ ಯಾರೂ ಮುಟ್ಟುವಂತಿಲ್ಲ. ಇಂದು ಲಾಸ್ ಏಂಜಲಿಸಿನಲ್ಲಿ ಮಗುವನ್ನು ಚಿತ್ರಕ್ಕೆ ಸೇರಿಸಹೊರಟ ತಾಯಿ ಬ್ಯಾಂಕಿಗೆ ಹೋಗಿ ಮೊದಲು ತೆರೆಯುವ ಖಾತೆಗೆ 'ಕೂಗನ್ ಖಾತೆ' ಎಂದೇ ಹೆಸರು.