ನಂದಿಬೆಟ್ಟ ಇಳಿದ ಮೇಲೆ...

ವೀಕೆಂಡ್ ಬಂತೆಂದರೆ ಬೆಂಗಳೂರಿನಿಂದ ಹತ್ತು-ಹನ್ನೆರಡು ಜನರ ಟೆಂಪೋ ಟ್ರಾವೆಲರ್‌ಗಳು ಕತ್ತಲಲ್ಲೇ ನಂದಿಬೆಟ್ಟಕ್ಕೆ ಹೊರಡುತ್ತವೆ. 1478 ಮೀಟರ್ ಎತ್ತರ, ಮಂಜು, ಸೂರ್ಯೋದಯ, ಟಿಪ್ಪು ಡ್ರಾಪ್, ಒಂದಷ್ಟು ಫೋಟೋ... ತಿಂಡಿ ಹೊತ್ತಿಗೆ ವಾಪಸ್!

ಶಿಡ್ಲಘಟ್ಟದ ಕಡೆಯವಳಾದ ನನಗೆ ಇದನ್ನು ನೋಡಿದರೆ ಹೊಟ್ಟೆ ಉರಿಯುತ್ತೆ :) ಬೆಟ್ಟದ ಮೇಲಿರೋದು ಯೋಗನಂದೀಶ್ವರ, ಭೋಗನಂದೀಶ್ವರ ಇರೋದು ಬುಡದ ನಂದಿ ಗ್ರಾಮದಲ್ಲಿ. ಸಾವಿರ ವರ್ಷಕ್ಕೂ ಹಳೆಯ ಗುಡಿ. ಅದರ ಕಲ್ಯಾಣಿಯ ಮೆಟ್ಟಿಲ ಮೇಲೆ ಕೂತರೆ ಏಳೋ ಮನಸ್ಸೇ ಆಗಲ್ಲ. ಹತ್ತಿರದಲ್ಲೇ ಮುದ್ದೇನಹಳ್ಳಿ, ಸರ್ ಎಂ.ವಿ. ಹುಟ್ಟಿದ ಊರು.

ಕಳೆದ ತಿಂಗಳು ಬಂದ ಗೆಳತಿಯರನ್ನು ಇವೆರಡೂ ತೋರಿಸಿ, ಸೀದಾ ನಮ್ಮ ಹಳ್ಳಿಗೇ ಕರ್ಕೊಂಡು ಹೋದೆ. ಚಂದ್ರಿಕೆಯಲ್ಲಿ ರೇಷ್ಮೆಹುಳು ಗೂಡು ಕಟ್ಟೋದನ್ನು ಕಣ್ಣು ಬಿಟ್ಕೊಂಡು ನೋಡಿದರು. "ರೇಷ್ಮೆ ಸೀರೆಗೆ ಅಷ್ಟು ರೇಟು ಯಾಕೆ ಅಂತ ಈಗ ಗೊತ್ತಾಯ್ತು ಆಂಟಿ" ಅಂದಳೊಬ್ಬಳು. ಅಮ್ಮ ನಕ್ಕು, "ಸೀರೆಗೆ ರೇಟು ಅಂಗಡಿಯವರು ಹೇಳ್ತಾರೆ. ನಮ್ಮ ಗೂಡಿಗೆ ಮಾರ್ಕೆಟ್ಟಲ್ಲಿ ಹರಾಜು ಕೂಗಿದ್ದೇ ರೇಟು ಕಣಮ್ಮ" ಅಂದರು. ಆಮೇಲೆ ಸ್ವಲ್ಪ ಹೊತ್ತು ಯಾರೂ ಫೋಟೋ ತೆಗೀಲಿಲ್ಲ.

ಮುಂದಿನ ಸಲ ಗೌರಿಬಿದನೂರಿನ ವಿದುರಾಶ್ವತ್ಥಕ್ಕೆ ಹೋಗೋಣ ಅಂದಿದ್ದಾರೆ. 1938ರ ಏಪ್ರಿಲ್ 25ರಂದು ಸ್ವಾತಂತ್ರ್ಯಕ್ಕಾಗಿ ಸೇರಿದ್ದ ಜನರ ಮೇಲೆ ಪೊಲೀಸರು ಗುಂಡು ಹಾರಿಸಿದ ಊರದು.

ನೀವೂ ಈ ಕಡೆ ಬಂದರೆ ತಿಂಡಿ ತಿಂದು ಗಾಡಿ ತಿರುಗಿಸಬೇಡಿ. ನಮ್ಮ ಜಿಲ್ಲೆ ಶುರುವಾಗೋದೇ ಬೆಟ್ಟ ಇಳಿದ ಮೇಲೆ!