ಹಿಟ್ಟು ತುಳಿದ ಕಾಲು

ಹಿಟ್ಟನ್ನು ತುಳಿಯಬಾರದು. ನಮ್ಮವ್ವ ನನಗೆ ಕಲಿಸಿದ ಮೊದಲ ಪಾಠ ಇದು. ಕೂಲಿಗೆ ಬಂದ ರಾಗಿಯನ್ನು ಬೀಸಿ ಮೊರದಲ್ಲಿಟ್ಟಾಗ ನಾನು ಓಡಾಡುತ್ತ ಕಾಲು ತಗುಲಿಸಿದರೆ ಬೆನ್ನಿಗೆ ಬೀಳುತ್ತಿತ್ತು. ‘ಇಟ್ಟ ತುಳಿತೀಯೇನ್ಲಾ, ಕಣ್ಣೋಯ್ತವೆ’ ಅನ್ನುತ್ತಿದ್ದಳು. ಚೆಲ್ಲಿದ್ದನ್ನು ಬಳಿದುಕೊಂಡು ಕಣ್ಣಿಗೊತ್ತಿಕೊಳ್ಳುತ್ತಿದ್ದಳು. ಹೊಟ್ಟೆ ತುಂಬ ಉಣ್ಣದವಳಿಗೆ ಹಿಟ್ಟೇ ದೇವರು.

ಅಂಥವಳ ಮಗನಾದ ನಾನು ಈಚೆಗೆ ಜಪಾನಿನಲ್ಲಿ ಹತ್ತು ಜನರ ಮುಂದೆ ಕಣಕದ ಮೇಲೆ ನಿಂತು ತುಳಿದೆ. ದುಡ್ಡು ಕೊಟ್ಟು ತುಳಿದೆ. ತುಳಿದದ್ದನ್ನು ಉಂಡೂ ಬಂದೆ.

ಹೋದದ್ದು ಅದಕ್ಕಲ್ಲ. ಹುಟ್ಟಿನ ಕಾರಣಕ್ಕೆ ತುಳಿತಕ್ಕೊಳಗಾದವರ ಒಂದು ಸಭೆ ಒಸಾಕದಲ್ಲಿತ್ತು. ಜಪಾನಿನಲ್ಲೂ ಹೊಲಗೇರಿ ಇದೆ ಎಂಬುದು ನಮ್ಮಲ್ಲಿ ಎಷ್ಟೋ ಜನಕ್ಕೆ ಗೊತ್ತಿಲ್ಲ. ಅದನ್ನು ಬುರಾಕು ಅನ್ನುತ್ತಾರೆ. ಆ ಮಾತಿಗೆ ಬರೀ ಕೇರಿ, ಹಟ್ಟಿ ಎಂದಷ್ಟೇ ಅರ್ಥ. ನಮ್ಮಲ್ಲಿ ‘ಕೇರಿಯವನು’ ಅಂದರೆ ಸಾಕಲ್ಲ, ಹಾಗೆ. ಸತ್ತ ದನ ಎತ್ತುವುದು, ತೊಗಲು ಹದ ಮಾಡುವುದು ಅವರ ಪಾಲಿಗೆ ಬಂದ ಕೆಲಸ. ಅವರನ್ನು ಕರೆಯುತ್ತಿದ್ದ ಹೆಸರು ‘ಎತ’. ಅದನ್ನು ಬರೆಯುವ ಅಕ್ಷರಗಳಿಗೆ ಹೊಲಸು ತುಂಬಿದವರು ಎಂದು ಅರ್ಥ. 1871ರಲ್ಲಿ ಸರ್ಕಾರ ಆ ಹೆಸರನ್ನು ರದ್ದು ಮಾಡಿತು. ಹೆಸರು ಹೋಯಿತು, ಹೇಸಿಗೆ ಹೋಗಲಿಲ್ಲ.

ಸರ್ಕಾರ ಮಾಡದ ಕೆಲಸವನ್ನು ತಾವೇ ಮಾಡಿಕೊಳ್ಳುತ್ತೇವೆಂದು 1922ರ ಮಾರ್ಚ್ 3ರಂದು ಅವರು ಕ್ಯೋಟೋದಲ್ಲಿ ಸೇರಿ ಸುಯ್ಹೇಶಾ ಎಂಬ ಸಂಘಟನೆ ಕಟ್ಟಿದರು. ಸುಯ್ಹೇ ಎಂದರೆ ನೀರಿನ ಮಟ್ಟ. ನೀರಿನಲ್ಲಿ ಮೇಲು ಕೀಳು ಇಲ್ಲ. ಇದಾಗಿ ಐದು ವರ್ಷಕ್ಕೆ, 1927ರ ಮಾರ್ಚಿನಲ್ಲಿ, ಬಾಬಾಸಾಹೇಬರು ಮಹಾಡದ ಕೆರೆಯ ನೀರು ಮುಟ್ಟಿದರು. ಅಲ್ಲೂ ನೀರು, ಇಲ್ಲೂ ನೀರು.

ಸಭೆಯ ಮೊದಲ ರಾತ್ರಿ ನಮ್ಮನ್ನು ಒಂದು ಸಣ್ಣ ಹೋಟೆಲಿಗೆ ಕರೆದೊಯ್ದರು. ಕರೆದೊಯ್ದವರು ಬುರಾಕುವಿನ ಒಬ್ಬ ಹಿರಿಯಕ್ಕ, ನಿವೃತ್ತ ಮೇಡಂ. ಜೊತೆಗೆ ಮಾತು ತಿರುಗಿಸಿ ಹೇಳಲು ಒಬ್ಬ ವಿದ್ಯಾರ್ಥಿನಿ. ಬಟ್ಟಲಲ್ಲಿ ಬೆರಳು ದಪ್ಪದ ಬಿಳಿ ಶಾವಿಗೆ, ಅದೇ ಉಡೋನ್. ಮೇಲೆ ಕಂದು ಬಣ್ಣದ ಗರಿಗರಿ ತುಂಡು. ಬಾಯಿಗಿಟ್ಟ ಕೂಡಲೇ ನನ್ನ ನಾಲಿಗೆಗೆ ಗುರುತು ಹತ್ತಿತು. ಬೋಟಿ! ದನದ ಕರುಳನ್ನು ಅದರದೇ ಕೊಬ್ಬಿನಲ್ಲಿ ಹುರಿದು, ಕೊಬ್ಬು ಇಳಿಸಿಕೊಂಡ ಮೇಲೆ ಉಳಿಯುವ ಚರಟ. ಅದಕ್ಕೆ ಅವರು ಅಬುರಕಸು ಅನ್ನುತ್ತಾರೆ. ಅಬುರ ಎಂದರೆ ಕೊಬ್ಬು, ಎಣ್ಣೆ. ಕಸು ಎಂದರೆ ಹಿಂಡಿ ಉಳಿದದ್ದು. ನಮ್ಮ ಕಸದಂತೆಯೇ ಕೇಳಿಸುತ್ತದೆ. ಉಳಿದವರು ಬಿಸಾಡಿದ್ದನ್ನು ಬುರಾಕುವಿನ ಹೆಂಗಸರು ಹುರಿದು, ಒಣಗಿಸಿ, ಮಕ್ಕಳನ್ನು ಸಾಕಿದರು. ಈಗ ಅದು ಒಸಾಕದ ಕಡೆ ಹೆಸರಾದ ತಿಂಡಿ. ತಿನ್ನುವವರಲ್ಲಿ ಎಷ್ಟೋ ಜನಕ್ಕೆ ಅದು ಯಾರ ಮನೆಯ ಒಲೆಯಿಂದ ಬಂತು ಅಂತ ಗೊತ್ತಿಲ್ಲ. ನಾನು ನಮ್ಮವ್ವ ದಾರಕ್ಕೆ ಪೋಣಿಸಿ ಬಿಸಿಲಿಗೆ ಹಾಕುತ್ತಿದ್ದ ಕೊರಬಾಡಿನ ಕತೆ ಹೇಳಿದೆ. ಹಿರಿಯಕ್ಕ ನಕ್ಕು, ‘ಉಡೋನ್ ತಿಂದಾಯ್ತು, ಮಾಡೋದನ್ನೂ ಕಲಿತು ಹೋಗು’ ಅಂದರು.

ಸಭೆ ಮುಗಿದ ಮೇಲೆ ಎರಡು ದಿನ ಬಿಡುವಿತ್ತು. ರೈಲು ಹಿಡಿದು, 1988ರಲ್ಲಿ ತೆರೆದ ಸಮುದ್ರದ ಮೇಲಿನ ದೊಡ್ಡ ಸೇತುವೆ ದಾಟಿ, ಶಿಕೋಕು ದ್ವೀಪದ ಕಗಾವಾ ಪ್ರಾಂತಕ್ಕೆ ಹೋದೆವು. ವಿಸ್ತೀರ್ಣದಲ್ಲಿ ಇದು ಜಪಾನಿನಲ್ಲೇ ಸಣ್ಣ ಪ್ರಾಂತ. ಹಳೆಯ ಹೆಸರು ಸನುಕಿ. ಮಳೆ ಕಮ್ಮಿ, ದೊಡ್ಡ ಹೊಳೆ ಇಲ್ಲ. ನಮ್ಮ ಬಯಲುಸೀಮೆಯಂತೆ ಎಲ್ಲಿ ನೋಡಿದರೂ ಕೆರೆ. ಭತ್ತಕ್ಕೆ ನೀರು ಸಾಲದ ನೆಲದಲ್ಲಿ ಗೋಧಿ ಬೆಳೆದರು. ಪಕ್ಕದ ಸಮುದ್ರದಲ್ಲಿ ಉಪ್ಪು, ಒಣಮೀನು ಸಿಕ್ಕವು. ಇಷ್ಟರಿಂದ ಹುಟ್ಟಿದ್ದು ಸನುಕಿ ಉಡೋನ್. ಬಡ ನೆಲದ ಊಟ ಅದು. ಈಗ ಅದರ ಹಿಟ್ಟು ಬಹುಪಾಲು ಆಸ್ಟ್ರೇಲಿಯಾದ ಗೋಧಿಯದು ಎಂಬುದು ಬೇರೆ ಮಾತು.

ಕೊತೊಹಿರಾ ಎಂಬ ಊರಲ್ಲಿ ಬೆಟ್ಟದ ದೇವರಿಗೆ 785 ಮೆಟ್ಟಿಲು ಹತ್ತಬೇಕು. ಮೆಟ್ಟಿಲ ಬುಡದ ಬೀದಿಯಲ್ಲಿ ಉಡೋನ್ ಕಲಿಸುವ ಪಾಠ. ನಾನು ಮೆಟ್ಟಿಲು ಹತ್ತಲಿಲ್ಲ, ಪಾಠಕ್ಕೆ ಹೋದೆ. ಕಲಿಸುವಾಕೆ ಐವತ್ತು ದಾಟಿದ ಗಟ್ಟಿ ಹೆಂಗಸು. ಸಾಮಾನು ಮೂರೇ: ಹಿಟ್ಟು, ನೀರು, ಉಪ್ಪು. ಉಪ್ಪಿನ ಲೆಕ್ಕಕ್ಕೆ ಅಲ್ಲಿ ಹಳೆಯ ನಾಣ್ಣುಡಿ ಇದೆ. ಒಂದು ಬಟ್ಟಲು ಉಪ್ಪಿಗೆ ಕಡುಬೇಸಿಗೆಯಲ್ಲಿ 3 ಬಟ್ಟಲು ನೀರು, ಚಳಿಗಾಲದಲ್ಲಿ 6, ಉಳಿದ ಕಾಲಕ್ಕೆ 5. ಸೆಕೆಗೆ ಕಣಕ ಸಡಿಲವಾಗುತ್ತದೆ, ಉಪ್ಪು ಅದನ್ನು ಬಿಗಿ ಹಿಡಿಯುತ್ತದೆ. ಓದು ಬರಹ ಇಲ್ಲದವರೂ ನೆನಪಿಟ್ಟುಕೊಳ್ಳುವ ಲೆಕ್ಕ. ನಮ್ಮವ್ವನ ಹಿಟ್ಟಿನ ಹದವೂ ಹೀಗೇ, ಯಾವ ಪುಸ್ತಕದಲ್ಲೂ ಇರಲಿಲ್ಲ.

ಉಪ್ಪುನೀರನ್ನು ಸ್ವಲ್ಪಸ್ವಲ್ಪವೇ ಹಾಕಿ ಬೆರಳಲ್ಲಿ ಉದುರಿಸುತ್ತ ಕಲೆಸಿದೆವು. ಗಟ್ಟಿ ಕಣಕ, ಕೈಗೆ ಬಗ್ಗುವುದಿಲ್ಲ. ಆಗ ಆಕೆ ಅದನ್ನು ದಪ್ಪ ಪ್ಲಾಸ್ಟಿಕ್ ಹಾಳೆಯೊಳಗಿಟ್ಟು ನೆಲಕ್ಕೆ ಹಾಕಿ, ‘ತುಳಿಯಿರಿ’ ಅಂದಳು. ಟೇಪಿನಲ್ಲಿ ಹಾಡು ಹಾಕಿದಳು. ತುಳಿದು ಚಪ್ಪಟೆಯಾದದ್ದನ್ನು ಮಡಚಬೇಕು, ಮತ್ತೆ ತುಳಿಯಬೇಕು. ಮೈಭಾರವೆಲ್ಲ ಹಿಮ್ಮಡಿಗೆ ಬರಬೇಕು. ಹಾಗೆ ತುಳಿದರೇ ಶಾವಿಗೆಗೆ ‘ಕೊಶಿ’ ಬರುವುದು. ಕೊಶಿ ಎಂದರೆ ಸೊಂಟ. ಹಲ್ಲಿಗೆ ಸಿಕ್ಕರೆ ತಿರುಗಿ ನಿಲ್ಲುವ ಗಟ್ಟಿತನ.

ನಾನು ಕಾಲೆತ್ತಿ ನಿಂತೆ. ಇಡಲಾಗಲಿಲ್ಲ. ಅವ್ವ ಬೆನ್ನ ಹಿಂದೆ ನಿಂತ ಹಾಗಾಯಿತು. ಆಮೇಲೆ ಅಪ್ಪ ನೆನಪಾದ. ಅಪ್ಪ ಊರಲ್ಲಿ ಹೆಸರಾದ ಮಣ್ಣು ತುಳಿಯುವವನು. ಗೌಡರು ಮನೆ ಕಟ್ಟಿಸುವಾಗ ಕೆಮ್ಮಣ್ಣಿಗೆ ಹೊಟ್ಟು ಬೆರೆಸಿ ಹೊತ್ತು ಮುಳುಗುವ ತನಕ ತುಳಿದಿದ್ದ. ಗೋಡೆ ಎದ್ದಿತು, ಹೆಂಚು ಹೊದಿಸಿದರು. ಮನೆಯೊಕ್ಕಲಿನ ದಿನ ಅಪ್ಪನಿಗೆ ಕೊಟ್ಟಿಗೆಯ ಆಚೆ ಮುತ್ತುಗದ ಎಲೆ. ಗೋಡೆಯೊಳಗೆ ಅವನ ಕಾಲಿನ ಗುರುತಿತ್ತು, ಗೋಡೆಯೊಳಕ್ಕೆ ಅವನು ಕಾಲಿಡುವಂತಿರಲಿಲ್ಲ. ಪುರುಷನ ಪಾದದಲ್ಲಿ ಹುಟ್ಟಿದವರೂ ನಾವಲ್ಲವಂತೆ. ಆ ಪಾದದಲ್ಲೂ ನಮಗೆ ಜಾಗವಿಲ್ಲ.

ಇಲ್ಲಿ ನನ್ನ ಕಾಲನ್ನೇ ಕೇಳುತ್ತಿದ್ದಾರೆ. ತುಳಿದೆ. ಹಾಡು ಮುಗಿಯುವ ಹೊತ್ತಿಗೆ ಬೆವೆತಿದ್ದೆ.

ಕಣಕವನ್ನು ಬಟ್ಟೆ ಮುಚ್ಚಿ ಹದಕ್ಕೆ ಬಿಟ್ಟರು. ಆಮೇಲೆ ಉದ್ದನೆಯ ಲಟ್ಟಣಿಗೆಯಲ್ಲಿ ಲಟ್ಟಿಸಿ, ಮಡಚಿ, ಅಗಲ ಕತ್ತಿಯಲ್ಲಿ ಕೊಯ್ದೆವು. ನನ್ನವು ಕೆಲವು ಹಗ್ಗ, ಕೆಲವು ದಾರ. ಎಲ್ಲರದನ್ನೂ ಒಂದೇ ಹಂಡೆಗೆ ಸುರಿದರು. ಹತ್ತು ಹನ್ನೆರಡು ನಿಮಿಷ ಕುದಿಸಿ, ತಣ್ಣೀರಿನಲ್ಲಿ ತೊಳೆದು ಬಡಿಸಿದರು. ಯಾರ ಶಾವಿಗೆ ಯಾರ ಬಟ್ಟಲಿಗೆ ಬಂತೋ ಯಾರಿಗೆ ಗೊತ್ತು.

ನಮ್ಮ ಮೇಜಿನಲ್ಲಿ ಗಂಡ ಹೆಂಡತಿ ಇಬ್ಬರು ಕನ್ನಡದವರಿದ್ದರು. ಕಂಪ್ಯೂಟರ್ ಕೆಲಸ, ಟೋಕಿಯೊದಲ್ಲಿ ಮನೆ. ಒಣಮೀನಿನ ಸಾರು ಬೇಡವೆಂದು ಸೋಯಾ ಸಾಸಿನಲ್ಲಿ ಅದ್ದಿಕೊಂಡು ಉಂಡರು. ‘ಚೆನ್ನಾಗಿದೆ ಅಲ್ವಾ ಸಾರ್’ ಅಂದರು. ಪರದೇಶದಲ್ಲಿ ಕನ್ನಡ ಕೇಳಿ ನನಗೂ ಹಿಗ್ಗು. ಆಮೇಲೆ ಆತ ಕೇಳಿದ:

‘ಯಾವ ಕಡೆಯವರು ಸಾರ್?’

‘ನಂಜನಗೂಡಿನ ಕಡೆ.’

‘ಓ, ಆ ಕಡೆ ನಮ್ಮೋರು ತುಂಬ ಇದ್ದಾರೆ. ಊರಲ್ಲಿ ನಿಮ್ಮ ಮನೆ ಎಲ್ಲಿ ಬರುತ್ತೆ?’

ಈ ಪ್ರಶ್ನೆಯ ಹಿಂದಿನ ಪ್ರಶ್ನೆ ಯಾವುದೆಂದು ನಿಮಗೆ ನಾನು ಹೇಳಬೇಕಿಲ್ಲ. ಆತ ಕೆಟ್ಟವನಲ್ಲ. ಬಾಯಿಗೆ ಬಂದದ್ದನ್ನು ಕೇಳಿದ, ಅಷ್ಟೆ. ಮೂವತ್ತು ವರ್ಷ ಬಾವುಟ ಹಿಡಿದ, ನೂರು ಸಭೆಗಳಲ್ಲಿ ಕೂಗಿದ ನಾನು ಹೇಳಿದ್ದೇನು ಗೊತ್ತೇ? ‘ಊರೊಳಗೇ, ಚಾವಡಿ ಹತ್ರ’ ಅಂದೆ. ಬಾಯಲ್ಲಿದ್ದ ಶಾವಿಗೆ ಒಳಗೆ ಇಳಿಯಲಿಲ್ಲ.

ಹಿಂದಿರುಗುವಾಗ ರೈಲಿನಲ್ಲಿ ಹಿರಿಯಕ್ಕನಿಗೆ ಇದನ್ನು ಹೇಳಿಕೊಂಡೆ. ಅವರು ಕಿಟಕಿಯಾಚೆ ಕೈ ತೋರಿಸಿದರು. ‘ಆ ಕಡೆ ತಕಮತ್ಸು ಪಟ್ಟಣ. 1933ರಲ್ಲಿ ಅಲ್ಲಿಯ ಕೋರ್ಟು ಬುರಾಕುವಿನ ಅಣ್ಣ ತಮ್ಮ ಇಬ್ಬರನ್ನು ಜೈಲಿಗೆ ಹಾಕಿತು’ ಅಂದರು. ಅವರಲ್ಲೊಬ್ಬ ಒಂದು ಹುಡುಗಿಯನ್ನು ಮೆಚ್ಚಿ ಜೊತೆಗಿದ್ದ. ತಾನು ಬುರಾಕುವಿನವನೆಂದು ಅವಳಿಗೆ ಹೇಳಿರಲಿಲ್ಲ. ಹುಟ್ಟು ಮುಚ್ಚಿಟ್ಟದ್ದೇ ಮೋಸ, ಆದ್ದರಿಂದ ಇದು ಮದುವೆಗಾಗಿ ಮಾಡಿದ ಅಪಹರಣ ಎಂದು ಕೋರ್ಟು ತೀರ್ಪು ಕೊಟ್ಟಿತು. 1871ರಲ್ಲಿ ರದ್ದಾದ ಹೆಸರನ್ನು 1933ರಲ್ಲಿ ಹೇಳಲಿಲ್ಲವೆಂದು ಶಿಕ್ಷೆ! ಸುಯ್ಹೇಶಾ ದೇಶದ ತುಂಬ ಎದ್ದಿತು. ಮತ್ಸುಮೊತೊ ಜಿಯಿಚಿರೊ ಮುಂದಾಳು. ಫುಕುವೊಕಾದಿಂದ ಟೋಕಿಯೊಗೆ ಜಾಥಾ ಹೊರಟಿತು, ದಾರಿಯುದ್ದಕ್ಕೂ ಸಭೆ. ಅವಧಿ ಮುಗಿಯುವ ಮುಂಚೆಯೇ ಅಣ್ಣ ತಮ್ಮಂದಿರನ್ನು ಬಿಡಬೇಕಾಯಿತು. ತೀರ್ಪು ಮಾತ್ರ ರದ್ದಾಗಲಿಲ್ಲ.

ಅದು ಹಳೆಯ ಕತೆ ಅನ್ನುವಂತಿಲ್ಲ. 1975ರಲ್ಲಿ ಬಯಲಾದ ಸಂಗತಿ ಇದು: ಬುರಾಕುಗಳ ಹೆಸರು, ವಿಳಾಸಗಳ ಪಟ್ಟಿಯನ್ನು ಪುಸ್ತಕ ಮಾಡಿ ಕಂಪನಿಗಳಿಗೆ ಗುಟ್ಟಾಗಿ ಮಾರುತ್ತಿದ್ದರು. ಕೆಲಸ ಕೇಳಿ ಬಂದವನ ಊರು ನೋಡುವುದಕ್ಕೆ. 2016ರಲ್ಲಿ ಬುರಾಕು ತಾರತಮ್ಯ ತೊಲಗಿಸಲು ಹೊಸ ಕಾನೂನು ಮಾಡಬೇಕಾಯಿತು. ಇಲ್ಲಿಯೂ ಅದೇ ಪ್ರಶ್ನೆ: ನಿಮ್ಮ ಮನೆ ಎಲ್ಲಿ ಬರುತ್ತೆ? ಬೆಳಿಗ್ಗೆ ನನ್ನ ಕಾಲಿಗೆ ಸಿಕ್ಕ ಮರ್ಯಾದೆ ಪರದೇಶಿಯ ಕಾಲಿಗೆ ಸಿಕ್ಕದ್ದು. ಆ ನಾಡಿನ ಹಿರಿಯಕ್ಕನಿಗೆ ಅದು ಬಿಟ್ಟಿ ಸಿಕ್ಕಿರಲಿಲ್ಲ.

‘ನೀವು ಏನು ಮಾಡಿದಿರಿ?’ ಎಂದು ಕೇಳಿದೆ.

‘ಬಹಳ ವರ್ಷ ಮುಚ್ಚಿಟ್ಟೆ’ ಅಂದರು. ‘ಒಂದು ದಿನ ಕ್ಲಾಸಿನಲ್ಲಿ ನನ್ನ ಕೇರಿಯ ಮಕ್ಕಳು ತಲೆ ತಗ್ಗಿಸಿ ಕೂತದ್ದು ನೋಡಿ ಹೇಳಿಬಿಟ್ಟೆ. ಮುಚ್ಚಿಡುವವರದು ತಪ್ಪಲ್ಲ, ಮುಚ್ಚಿಡುವ ಹಾಗೆ ಮಾಡಿದವರದು ತಪ್ಪು. ಆದರೆ ಮಕ್ಕಳು ನೋಡ್ತಾ ಇರ್ತಾರೆ.’

ರಾತ್ರಿ ಆ ಟೋಕಿಯೊದಾತ ನಾನು ಹಿಟ್ಟು ತುಳಿಯುತ್ತಿರುವ ಫೋಟೋವನ್ನು ಮೊಬೈಲಿಗೆ ಕಳಿಸಿದ್ದ. ಸುಮಾರು ಹೊತ್ತು ನೋಡಿದೆ. ಆಮೇಲೆ ಬರೆದೆ: ‘ಫೋಟೋಗೆ ವಂದನೆಗಳು. ನಾನು ಸುಳ್ಳು ಹೇಳಿದ್ದೆ. ನಮ್ಮ ಮನೆ ಚಾವಡಿ ಹತ್ತಿರ ಇಲ್ಲ. ಊರ ಹೊರಗೆ, ಹೊಲಗೇರಿಯಲ್ಲಿದೆ. ನೀವು ಉಂಡ ಹಿಟ್ಟಿನಲ್ಲಿ ನಾನು ತುಳಿದದ್ದೂ ಇತ್ತು. ಊರಿಗೆ ಬಂದರೆ ನಮ್ಮ ಮನೆಗೆ ಬನ್ನಿ, ನಮ್ಮವ್ವ ಮುದ್ದೆ ಮಾಡುತ್ತಾಳೆ.’

ಆತ ಓದಿದ ಗುರುತು ಬಿದ್ದಿದೆ. ಉತ್ತರ ಬಂದಿಲ್ಲ.

ಊರಿಗೆ ಬಂದು ಅವ್ವನಿಗೆ ಎಲ್ಲ ಹೇಳಿದೆ. ಹಿಟ್ಟು ತುಳಿದದ್ದಕ್ಕೆ ಬಯ್ದಳು. ಆ ಕಾಗದದ ಸುದ್ದಿ ಕೇಳಿ ಸ್ವಲ್ಪ ಹೊತ್ತು ಸುಮ್ಮನಿದ್ದು ಅಂದಳು: ‘ಬಂದ್ರೆ ಬರ್ಲಿ ಬುಡು ಮಗ. ರಾಗಿ ಬೀಸ್ಕಂಡಿರ್ತೀನಿ.’