ಜಲಸಂಗಿಯ ಮಾಳಿಗೆಗಿಳಿದ ಬಲೂನು

2025ರ ಜನವರಿ 18, ಶನಿವಾರ. ಮುಡಬಿಯಲ್ಲಿ ನಮ್ಮದಿನ್ನೂ ಚಹಾ ಆಗಿರಲಿಲ್ಲ, ಹುಮನಾಬಾದ್ ಕಡೆಯಿಂದ ಮೊಬೈಲಿಗೆ ವಿಡಿಯೊ ಬಂತು. ಜಲಸಂಗಿಯ ಒಂದು ಮನೆಯ ಮೇಲೆ ದೈತ್ಯ ಬಲೂನು ಬಿದ್ದಿದೆ. ಅದಕ್ಕೆ ಕಟ್ಟಿದ ಯಂತ್ರದಲ್ಲಿ ಕೆಂಪು ದೀಪ ಮಿಣುಕುತ್ತಿದೆ, ಸುತ್ತ ಜನ ನೆರೆದಿದ್ದಾರೆ.

ಅವತ್ತು ರಾತ್ರಿ ತೊಗರಿ ಕಟ್ಟಿಗೆ ಹೊತ್ತಿಸಿ ಬೆಂಕಿ ಕಾಯಿಸುತ್ತ ಕೂತಾಗ ಬೇರೆ ಮಾತೇ ಇರಲಿಲ್ಲ. ‘ತಮ್ಮಾ, ವೈರಿ ದೇಶದವರು ಬಿಟ್ಟಾರಂತ, ಖರೇನು?’ ಎಂದರು ಕಾಕಾ.

‘ಇಲ್ಲ ಕಾಕಾ. ಹೈದರಾಬಾದಿನಾಗ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯವರ ಬಲೂನು ಕೇಂದ್ರ ಅದ, ಅವರದು. ಜೊತಿಗೆ ಕನ್ನಡದಾಗ ಬರದ ಕಾಗದನೂ ಇತ್ತಂತ.’

ಕಾಕಾನ ಹೆದರಿಕೆ ಹೋಯಿತು, ಪ್ರಶ್ನೆ ಹೋಗಲಿಲ್ಲ. ಅಷ್ಟು ಎತ್ತರಕ್ಕೆ ಯಾಕೆ ಹಾರಿಸಬೇಕು?

ನಮ್ಮ ಹಳೆಯ ಮಣ್ಣಿನ ಮಾಳಿಗೆಗೆ ಬೆಳಕಿಂಡಿ ಬಿಟ್ಟಿರುತ್ತಾರಲ್ಲ, ಭೂಮಿಯ ಮೇಲಿನ ಗಾಳಿಯೂ ಹಾಗೇ ಎಂದೆ. ಕಣ್ಣಿಗೆ ಕಾಣುವ ಬೆಳಕು, ರೇಡಿಯೊ ಅಲೆ ಇವಕ್ಕೆ ಕಿಂಡಿ ಇದೆ. ನಕ್ಷತ್ರಗಳಿಂದ ಬರುವ ಕ್ಷ-ಕಿರಣಕ್ಕೆ ಇಲ್ಲ, ಮೇಲೇ ತಡೆದುಹೋಗುತ್ತದೆ. ಅದನ್ನು ನೋಡಬೇಕಾದರೆ ಮಾಳಿಗೆ ಹತ್ತಬೇಕು. ಈ ಪಾಲಿಥಿನ್ ಬಲೂನುಗಳು ಹೈಡ್ರೋಜನ್ ತುಂಬಿಕೊಂಡು 30ರಿಂದ 42 ಕಿಲೋಮೀಟರ್ ಏರುತ್ತವೆ. ನೂರರಲ್ಲಿ 99 ಪಾಲು ಗಾಳಿ ಕೆಳಗೇ ಉಳಿಯುತ್ತದೆ. ಕೆಲಸ ಮುಗಿದ ಮೇಲೆ ಯಂತ್ರ ಪ್ಯಾರಾಚೂಟಿನಲ್ಲಿ ಇಳಿಯುತ್ತದೆ, ಗಾಳಿ ಒಯ್ದ ಕಡೆ. ನಮ್ಮ ಬೀದರ್ ಜಿಲ್ಲೆ ಆ ದಾರಿಯಲ್ಲಿದೆ. ಎಲ್ಲ ಬಲೂನೂ ನಕ್ಷತ್ರ ನೋಡಲು ಹೋಗುವುದಿಲ್ಲ, ವಾತಾವರಣ ಅಳೆಯಲೂ ಹೋಗುತ್ತವೆ. ಆದರೆ ಭಾರತದ ಕ್ಷ-ಕಿರಣ ಖಗೋಳ ವಿಜ್ಞಾನ ಬೆಳೆದದ್ದು ಹೈದರಾಬಾದಿನಿಂದ ಹಾರಿದ ಇಂಥ ಬಲೂನುಗಳಲ್ಲೇ.

ಬಲೂನು ಕೊಡುವುದು ಕೆಲವು ತಾಸು ಮಾತ್ರ. ವರ್ಷಗಟ್ಟಲೆ ನೋಡಬೇಕೆಂದರೆ ಉಪಗ್ರಹವೇ ಬೇಕು. 1975ರ ಏಪ್ರಿಲ್ 19ರಂದು ಸೋವಿಯತ್ ರಾಕೆಟ್ಟಿನಲ್ಲಿ ಹೋದ ಆರ್ಯಭಟದಲ್ಲೇ ಕ್ಷ-ಕಿರಣದ ಉಪಕರಣ ಇತ್ತು. ಉಡುಪಿ ಕಡೆಯ ಅದಮಾರಿನ ಯು.ಆರ್. ರಾವ್ ಅವರ ಮುಂದಾಳತ್ವದಲ್ಲಿ, ಬೆಂಗಳೂರಿನ ಪೀಣ್ಯದ ಶೆಡ್ಡುಗಳಲ್ಲಿ ಕಟ್ಟಿದ ಉಪಗ್ರಹ ಅದು. ಕೆಲವೇ ದಿನಗಳಲ್ಲಿ ವಿದ್ಯುತ್ ಪೂರೈಕೆ ಕೆಟ್ಟು ಆ ಪ್ರಯೋಗ ನಿಂತಿತು. ಆಮೇಲೆ 1996ರಲ್ಲಿ ಐಆರ್‌ಎಸ್-ಪಿ3 ಎಂಬ ಭೂವೀಕ್ಷಣೆಯ ಉಪಗ್ರಹದಲ್ಲಿ ಒಂದಿಷ್ಟು ಜಾಗ ಸಿಕ್ಕಿತು. ಆ ಚಿಕ್ಕ ಉಪಕರಣ ಚೆನ್ನಾಗಿ ದುಡಿಯಿತು. ಅದರ ಮೇಲಿನ ಭರವಸೆಯಿಂದಲೇ ಖಗೋಳಕ್ಕೇ ಮೀಸಲಾದ ಉಪಗ್ರಹದ ಮಾತು ಗಟ್ಟಿಯಾಯಿತು. 2004ರಲ್ಲಿ ಆಸ್ಟ್ರೋಸ್ಯಾಟ್ ಎಂಬ ಆ ಉಪಗ್ರಹಕ್ಕೆ ಒಪ್ಪಿಗೆ ದೊರೆಯಿತು, ಹಾರಿದ್ದು 2015ರ ಸೆಪ್ಟೆಂಬರ್ 28ಕ್ಕೆ. ಹನ್ನೊಂದು ವರ್ಷ! ‘ಇಷ್ಟ್ಯಾಕ?’ ಎಂದರು ಕಾಕಾ. ಅದರಲ್ಲಿರುವ ನೇರಳಾತೀತ ದೂರದರ್ಶಕದ ಕನ್ನಡಿಗೆ ಧೂಳಿನ ಕಣವಾಗಲಿ, ಎಣ್ಣೆಯ ಪಸೆಯಾಗಲಿ ತಾಗುವಂತಿಲ್ಲ. ಅದನ್ನು ಜೋಡಿಸಲು ಭಾರತೀಯ ಖಭೌತ ಸಂಸ್ಥೆಯವರು ಹೊಸಕೋಟೆಯಲ್ಲಿ ಅತಿ ಶುದ್ಧ ಕೋಣೆಯನ್ನೇ ಕಟ್ಟಬೇಕಾಯಿತು. ಮೇಲೆ ಹೋದ ಯಂತ್ರವನ್ನು ರಿಪೇರಿಗೆ ಇಳಿಸಲಾಗದು. ಆ ಹನ್ನೊಂದು ವರ್ಷ ದಂಡವಾಗಲಿಲ್ಲ ಅಂತಲೇ ನನ್ನ ನಂಬಿಕೆ. ಐದು ವರ್ಷ ಬಾಳಲಿ ಎಂದು ಕಳಿಸಿದ್ದು ಈಗ ಹತ್ತು ವರ್ಷ ದಾಟಿದೆ.

ಜಲಸಂಗಿ ಅಂದರೆ ನಮಗೆ ಮೊದಲು ನೆನಪಾಗುವುದು ಅಲ್ಲಿಯ ಚಾಲುಕ್ಯರ ಗುಡಿ, ವಿಕ್ರಮಾದಿತ್ಯನ ಹೊಗಳಿಕೆಯನ್ನು ಬರೆಯುತ್ತ ನಿಂತ ಶಿಲಾಬಾಲಿಕೆ. ಆ ವಿಕ್ರಮಾದಿತ್ಯನ ತಂದೆ ಮೊದಲನೆಯ ಸೋಮೇಶ್ವರ ಕಲ್ಯಾಣದಲ್ಲಿ ಆಳುತ್ತಿದ್ದಾಗ, 1054ರಲ್ಲಿ, ವೃಷಭ ರಾಶಿಯಲ್ಲಿ ಒಂದು ನಕ್ಷತ್ರ ಸ್ಫೋಟಿಸಿದ್ದು ಕಂಡಿತು. ಅದು ಹಾಡಹಗಲೂ 23 ದಿನ ಕಾಣಿಸಿತೆಂದು ಚೀನಾದವರು ಬರೆದಿಟ್ಟಿದ್ದಾರೆ. ಅದರ ಅವಶೇಷವೇ ಏಡಿ ನೀಹಾರಿಕೆ. ಅದರ ನಡುವೆ ಒಂದು ಪಲ್ಸಾರ್, ಅಂದರೆ ಮಿಡಿಯುವ ನಕ್ಷತ್ರ, ಸೆಕೆಂಡಿಗೆ ಸುಮಾರು 30 ಸುತ್ತು ತಿರುಗುತ್ತಿದೆ. ಆಸ್ಟ್ರೋಸ್ಯಾಟ್ ಅದನ್ನು ತಿಂಗಳುಗಟ್ಟಲೆ ನೋಡಿ, ಕ್ಷ-ಕಿರಣದ ಧ್ರುವೀಕರಣವನ್ನು, ಅಂದರೆ ಅದರ ಅಲೆ ಯಾವ ದಿಕ್ಕಿಗೆ ಕಂಪಿಸುತ್ತದೆ ಎಂಬುದನ್ನು, ಅಳೆಯಿತು. ಮಿಡಿತಗಳ ನಡುವಿನ ಬಿಡುವಿನಲ್ಲೂ ಧ್ರುವೀಕರಣ ಬದಲಾಗುತ್ತಿತ್ತು! ಯಾರೂ ಎಣಿಸಿರದ ಈ ಸಂಗತಿ 2017ರಲ್ಲಿ ಪ್ರಕಟವಾಯಿತು. ನಾನು ಇದನ್ನು ಹೇಳುವಾಗ ನಮ್ಮ ಹುಡುಗರು ಎದ್ದು ನಿಂತು ವೃಷಭ ಎಲ್ಲಿ ಎಂದು ಹುಡುಕತೊಡಗಿದ್ದರು. ರೋಹಿಣಿಯನ್ನು ತೋರಿಸಿದೆ.

ಕಾಕಾಗೆ ಮಾತ್ರ ಆ ಪೆಟ್ಟಿಗೆಯದೇ ಚಿಂತೆ. ‘ನಾಳೆ ನಮ್ಮ ಹೊಲದಾಗೇ ಬಿತ್ತಂದ್ರ?’

‘ಬಿಚ್ಚಬಾರದು ಕಾಕಾ. ಕೆಲವುದರಾಗ ಹೆಚ್ಚಿನ ಕರೆಂಟ್ ಇರ್ತದ, ಜೀವಕ್ಕ ಅಪಾಯ. ಪೆಟ್ಟಿಗಿ ಮ್ಯಾಲ ವಿಳಾಸ, ಫೋನ್ ನಂಬರ್ ಇರ್ತಾವ, ತಿಳಿಸಿದ್ರ ಅವರೇ ಬಂದು ಒಯ್ತಾರ. ಮುಟ್ಟದೇ ಕಾಯ್ದವರಿಗೆ ಬಹುಮಾನನೂ ಕೊಡ್ತಾರ.’

‘ಒಯ್ದು ಏನ್ ಮಾಡ್ತಾರ?’

‘ಬಲೂನು ಒಂದೇ ಸಲಕ್ಕ ಮುಗೀತು. ಯಂತ್ರ ಸರಿ ಇದ್ರ ತೊಳೆದು, ತಿದ್ದಿ ಮತ್ತ ಹಾರಸ್ತಾರ.’